ಓದಿ ಹೇಳಿ ಕೇಳಲಾಗಿ

ಹಾಸನದ ಸೆಷನ್ಸ್ ಕೋರ್ಟಿನಲ್ಲಿ ಬೆರಳಚ್ಚುಗಾರ್ತಿ,
ಹತ್ತೊಂಬತ್ತು ವರ್ಷದ ಸರ್ವೀಸು.
ಇವತ್ತು ಬೆಂಗಳೂರಿಂದ ಮೇಲ್ಮನವಿಯ ತೀರ್ಪು ಬಂತು,
ನಲವತ್ತೊಂದು ಪುಟ.
ಇಪ್ಪತ್ತೇಳನೇ ಪುಟದಲ್ಲಿ ನಾನಿದ್ದೇನೆ.
ಹೆಸರಿಲ್ಲ.
ಬಿಟ್ಟುಹೋದ ಒಂದು ಸೊನ್ನೆಯಾಗಿ ಇದ್ದೇನೆ.

ಮೂರನೇ ಸಾಕ್ಷಿ ಹೊಂಬಾಳಮ್ಮ, ಐವತ್ತೆರಡು ವರ್ಷ,
ಆಲೂಗಡ್ಡೆ ಮಂಡಿಯಲ್ಲಿ ಗುಡಿಸುವ ಕೆಲಸ.
ತೂಕದ ಸಣ್ಣಸ್ವಾಮಿ ಸತ್ತ ರಾತ್ರಿ
ಲಾರಿಯಡಿ ಬಗ್ಗಿ ಚೆಲ್ಲಿದ ಗೆಡ್ಡೆ ಆಯುತ್ತಿದ್ದಳು.
ಓಡಿಹೋದವನು ಯಾರಮ್ಮ, ಕೇಳಿದರು ಸರ್ಕಾರಿ ವಕೀಲರು.
ಅವಳು ಆರೋಪಿ ತಿರುಮಲೇಶನ ಕಡೆ ನೋಡಿದಳೋ
ಅವನ ಬೆನ್ನಹಿಂದಿನ ಕಿಟಕಿಯ ಕಡೆಯೋ,
"ಅವ್ನಂಗೇ ಇದ್ದ ಸ್ವಾಮಿ" ಅಂದಳು.
ಅಥವಾ, "ಅವ್ನೇ ಇದ್ದ ಸ್ವಾಮಿ."
ಸಾಹೇಬರು ಬರೆಸಿದರು, ನಾನು ಬಡಿದೆ:
ಅವನೇ ಇದ್ದನು.

ಆ ಸೊನ್ನೆ, ಆ ಗಕಾರ ಎಲ್ಲಿ ಬಿದ್ದವು?
ಎಲಡಿಕೆ ಉಗಿದು ಬಂದ ಅವಳ ಬಾಯಲ್ಲೋ,
ಫ್ಯಾನಿನ ಗದ್ದಲದಲ್ಲೋ, ಸಾಹೇಬರ ಕಿವಿಯಲ್ಲೋ,
ನನ್ನ ಬಲಗೈ ಕಿರುಬೆರಳಲ್ಲೋ.

ಅವಳ ಮಾತು ನಮ್ಮ ಹಾಳೆಗೆ ಇಳಿಯುವಾಗ
ಸ್ನಾನ ಮಾಡಿ, ತಲೆ ಬಾಚಿಕೊಂಡೇ ಇಳಿಯಬೇಕು.
ಎಲಡಿಕೆ ಅಗಿಯೋ ಹೊತ್ತು ಅಂದರೆ ಸುಮಾರು ಐದು ನಿಮಿಷ.
ಒಂದು ಕೂಗಳತೆ ಅಂದರೆ, ವಕೀಲರಿಬ್ಬರೂ ಜಗಳಾಡಿ,
ಅಂದಾಜು ಇನ್ನೂರು ಅಡಿ.

ಪಾಟೀ ಸವಾಲು.
ಕರೆಂಟು ಹೋಗಿತ್ತು ಎಂದರೆ ಸರಿಯಲ್ಲ.
ನನಗೆ ಕಣ್ಣು ಮಂಜು ಎಂದರೆ ಸರಿಯಲ್ಲ.
ಪೊಲೀಸರು ಹೇಳಿಕೊಟ್ಟಂತೆ ಹೇಳುತ್ತಿದ್ದೇನೆ ಎಂದರೆ ಸರಿಯಲ್ಲ.
ಹೀಗೆಂದು ಅವಳು ಒಮ್ಮೆಯೂ ಅನ್ನಲಿಲ್ಲ.
ಮೊದಲನೆಯದಕ್ಕೆ ತಲೆಯಾಡಿಸಿದಳು,
ಎರಡನೆಯದಕ್ಕೆ ನಕ್ಕಳು,
ಮೂರನೆಯದಕ್ಕೆ ಸೆರಗಿನಿಂದ ಮೂಗು ಒರೆಸಿಕೊಂಡಳು.
ಮೂರಕ್ಕೂ ನಮ್ಮಲ್ಲಿ ಇರುವುದು ಒಂದೇ ವಾಕ್ಯ.

ಊಟದ ಹೊತ್ತಾಗಿತ್ತು. ಒಂದೇ ಉಸಿರಿಗೆ ಓದಿ ಹೇಳಿದೆ.
"ನೀವು ಓದಿದ್ಮೇಲೆ ಸರೀನೇ ಅಲ್ವಾ" ಅಂದಳು.
ಓ.ಹೇ.ಕೇ. ಸರಿ ಇದೆ.
ಹೆಬ್ಬೆಟ್ಟು ನಡುಗಿ ಮಸಿ ಕದಡಿತು,
ಇನ್ನೊಮ್ಮೆ ಒತ್ತಿಸಿದೆವು.

ಅಲ್ಲಿ ಇಬ್ಬರು ನ್ಯಾಯಮೂರ್ತಿಗಳು, ಸುಮ್ಮನೆ ತೂಗಿದವರಲ್ಲ.
ಪಂಚರಿಬ್ಬರೂ ತಿರುಗಿಬಿದ್ದಿದ್ದರು, ಚಾಕುವಿನ ಮಹಜರು ತಳ್ಳಿದ್ದಾರೆ.
ಗುಂಪು ತಿಳಿಯದ ರಕ್ತದ ವರದಿ ಪಕ್ಕಕ್ಕಿಟ್ಟಿದ್ದಾರೆ.
ಉಳಿದವಳು ಹೊಂಬಾಳಮ್ಮ.
ತೀರ್ಪು ಇಂಗ್ಲಿಷಿನಲ್ಲಿದೆ, ಕನ್ನಡಕ್ಕೆ ನಾನೇ ತಂದುಕೊಂಡೆ:
"ಈ ಸಾಕ್ಷಿ ಎಲ್ಲಿಯೂ ಅಲುಗಾಡಿಲ್ಲ.
ಅವನ ಹಾಗೆ ಎನ್ನದೆ, ಅವನೇ ಎಂದಿದ್ದಾಳೆ."
ಜೀವಾವಧಿ ಕಾಯಂ.

ಅಲುಗಾಡಿದ್ದನ್ನು ಕುಟ್ಟಲು
ನನ್ನ ಕೀಲಿಮಣೆಯಲ್ಲಿ ಗುಂಡಿ ಇಲ್ಲ.

ಈಗ ನನ್ನನ್ನೇ ಕಟಕಟೆಗೆ ಹತ್ತಿಸುತ್ತೇನೆ.
ಆ ದಿನ ಫ್ಯಾನು ತಿರುಗುತ್ತಿತ್ತೆ?
ತಿರುಗುತ್ತಿತ್ತು, ಚೆನ್ನಾಗಿ ನೆನಪಿದೆ.
ಹಾಳೆಯ ಮೇಲೆ ತಾರೀಖು ಜನವರಿ ಹದಿನೆಂಟು.
ಹಾಸನದ ಜನವರಿಯಲ್ಲಿ, ಬೆಳಿಗ್ಗೆ ಹನ್ನೊಂದಕ್ಕೆ,
ಫ್ಯಾನು ಹಾಕಿದವರು ಯಾರು?
ಉತ್ತರವಿಲ್ಲ.
ಹಾಗಾದರೆ ಸೊನ್ನೆ ಕೇಳಿಸಿದ್ದು ಅಂದೋ,
ತೀರ್ಪು ಓದಿದ ಮೇಲೆ ಇಂದೋ?
ಆರು ವರ್ಷ ಸುಮ್ಮನಿದ್ದು ಈಗ ನುಡಿಯುತ್ತಿದ್ದೀರಿ.
ತಡವಾದ ಹೇಳಿಕೆ, ನಂಬಲರ್ಹವಲ್ಲ
ಎಂದರೆ ಸರಿಯಲ್ಲ.
ಎಂದರೆ ಸರಿ.
ಸಂಶಯದ ಲಾಭ ಕೊಟ್ಟು ನನ್ನನ್ನು ಬಿಟ್ಟುಬಿಟ್ಟೆ.
ತಿರುಮಲೇಶ ಒಳಗೇ ಇದ್ದಾನೆ.

ಸಂಜೆ ಮಂಡಿಯ ಗೇಟಿನ ಹತ್ತಿರ
ಗೋಣಿಚೀಲ ಹಾಸಿ ಆಯ್ದ ಗೆಡ್ಡೆ ಮಾರುತ್ತಿದ್ದಳು.
ಎರಡು ಕೆಜಿ ಕೊಡು ಅಂದೆ.
ಗುರುತು ಹಿಡಿದಳು. ಆ ಕೇಸು ಏನಾಯ್ತು ಅನ್ನಲಿಲ್ಲ.
ನಾನೇ ಕೇಳಿದೆ:
ಅವತ್ತು ನೀನು ಏನಂದೆ, ಹೊಂಬಾಳಮ್ಮ?
"ನೀವೇ ಬರ್ಕೊಂಡ್ರಲ್ಲವ್ವ" ಅಂದಳು,
ತಕ್ಕಡಿಯ ಮುಳ್ಳಿನಿಂದ ಕಣ್ಣೆತ್ತದೆ.