ಎಡಹುಬ್ಬು

ಗಂಟೆಗೂ ಗಂಟೆಗೂ ನಡುವೆ ಒಂದು ನಿಮಿಷ.
ಲೋಕ ನನ್ನ ಹೆಸರಿಗೆ ಬರೆದ ಜಮೀನು ಅಷ್ಟೇ.
ಆ ಅರವತ್ತು ಸೆಕೆಂಡಿನಲ್ಲೇ ನನ್ನ ಉತ್ತು ಬಿತ್ತು ಎಲ್ಲ:
ಹತ್ತಿ ಸುತ್ತಿದ ಕಡ್ಡಿ ಕಿವಿಯ ಹಿಂದೆ,
ವ್ಯಾಸಲೀನು ಮುಂಗೈ ಮೇಲೆ,
ಐಸಿನಲ್ಲಿಟ್ಟ ಕಬ್ಬಿಣದ ಬಿಲ್ಲೆ ಅಂಗೈಯಲ್ಲಿ.
ಹೊಸಿಯಾ ಟಾರ್ಪ್ಲಿ ಬಂದು ಸ್ಟೂಲಿನ ಮೇಲೆ ಕುಸಿದರೆ
ಹಗ್ಗಗಳು ನಿಟ್ಟುಸಿರು ಬಿಡುತ್ತಿದ್ದವು.
ಇನ್ನೂರ ಹದಿನಾಲ್ಕು ಪೌಂಡಿನ ಆಳು;
ನನ್ನ ಪಾಲಿಗೆ ಅದರಲ್ಲಿ ಒಂದಿಂಚು, ಎಡಹುಬ್ಬು.

ಗ್ಯಾರಿಯ ಉಕ್ಕಿನ ಕಾರ್ಖಾನೆಯಲ್ಲಿ ಪಾಳಿ ಮುಗಿಸಿ
ರೆಪ್ಪೆಯಲ್ಲಿ ಕೆಂಪು ಧೂಳು ಹೊತ್ತು ಬರುತ್ತಿದ್ದ.
"ಕುಲುಮೆ ಇವರೆಲ್ಲರಿಗಿಂತ ಜೋರಾಗಿ ಹೊಡೆಯುತ್ತೆ, ಕ್ಲೀಟಸ್,
ಆದರೆ ಪಾಪ, ಹೇಳಿ ಹೊಡೆಯುತ್ತೆ."
ಅವನಪ್ಪ ಅಲಬಾಮಾದ ಹತ್ತಿ ಹೊಲ ಬಿಟ್ಟು
ರಾತ್ರೋರಾತ್ರಿ ರೈಲು ಹತ್ತಿದವನು.
ಅದೇ ಹತ್ತಿಯನ್ನು ನಾನು
ಮಗನ ಗಾಯಕ್ಕೆ ತುರುಕಿದೆ.

ಶಿಕಾಗೋ. ಹನ್ನೊಂದನೇ ಸುತ್ತು.
ಕ್ವಿಸ್ಟ್ ಅನ್ನುವ ಡೆನ್ಮಾರ್ಕಿನವನ ಬಲಗೈ
ಹುಬ್ಬನ್ನು ಬಾಗಿಲ ಹಾಗೆ ತೆರೆಯಿತು.
ಡಾಕ್ಟರು ಬಗ್ಗಿದರು, ನಾನು ಭುಜ ಅಡ್ಡ ಕೊಟ್ಟೆ.
"ಚರ್ಮ ಅಷ್ಟೇ" ಅಂದೆ.
ಎಲುಬು ಕಾಣುತ್ತಿತ್ತು.
ಹದಿಮೂರರಲ್ಲಿ ಕ್ವಿಸ್ಟ್ ಮಲಗಿದ. ಇಡೀ ಗ್ಯಾರಿ ಮಲಗಲಿಲ್ಲ.
ನನ್ನ ಸುಳ್ಳಿಗೆ ಒಂದು ಬೆಲ್ಟು ಬಂತು,
ಬೆಲ್ಟಿನ ಬೆನ್ನಿಗೇ ಇನ್ನೂ ಒಂಬತ್ತು ವರ್ಷದ ಗುದ್ದು.

ಕಳ್ಳರ ಭಯಕ್ಕೆ ವರ್ಲೀನ್ ಆ ಬೆಲ್ಟನ್ನು
ಹಿಟ್ಟಿನ ಡ್ರಮ್ಮಿನಲ್ಲಿ ಹೂತಿಡುತ್ತಿದ್ದಳು.
ಫೋಟೋದವರು ಬಂದಾಗ ತೆಗೆದು ಒದರಿದರೆ
ಅಡುಗೆಮನೆ ತುಂಬ ಬಿಳಿ ಮೋಡ.
ವಿಶ್ವ ಚಾಂಪಿಯನ್ ಸೀನುತ್ತಿದ್ದ.

ಆಮೇಲೆ, ಹೇಗೆ ಹೇಳಲಿ,
ಅವನೊಳಗೆ ಯಾರೋ ಒಂದೊಂದೇ ದೀಪ ಆರಿಸುತ್ತ ಹೋದರು.
ಹೆಂಡತಿಯನ್ನು ಅಮ್ಮ ಅಂದ. ನನ್ನನ್ನು ಏನೂ ಅನ್ನಲಿಲ್ಲ.
ಆಸ್ಪತ್ರೆಯ ಲಿಫ್ಟು ಟಿಣ್ ಅಂದರೆ ಸಾಕು,
ನಿಂತವನು ಕೂತು ಬಾಯಿ ತೆರೆಯುತ್ತಿದ್ದ:
ಹಲ್ಲಿನ ರಬ್ಬರು ತೆಗೆಯಲಿ ಎಂದು.
ತೆರೆದ ಬಾಯಿಗೆ ನಾನು ಜೋಳದ ಗಂಜಿ ಇಟ್ಟೆ.
ಚಮಚದ ಲೆಕ್ಕ ಇಡುವಾಗಲೂ
ಅರವತ್ತಕ್ಕೆ ನನ್ನ ಕೈ ತಾನೇ ಹಿಂದೆ ಸರಿಯುತ್ತಿತ್ತು.
ಡಾಕ್ಟರನ್ನು ಅವತ್ತು ನೋಡಬಿಟ್ಟಿದ್ದರೆ?
ಈ ಪ್ರಶ್ನೆಗೆ ಯಾವ ಮೂಲೆಯಲ್ಲೂ ಸ್ಟೂಲಿಲ್ಲ.

ಕ್ವಿಸ್ಟ್ ಪ್ರತಿ ಕ್ರಿಸ್‌ಮಸ್ಸಿಗೆ ಕಾರ್ಡು ಕಳಿಸುತ್ತಿದ್ದ,
ತನ್ನ ಮೀನುದೋಣಿಯ ಚಿತ್ರದ್ದು.
ಹಿಂದುಗಡೆ ಒಂದೇ ಸಾಲು: ನನ್ನ ಬಲಗೈ ಕ್ಷಮೆ ಕೇಳುತ್ತಿದೆ.
ಕೊನೆಯ ಕಾರ್ಡು ಬಂದಾಗ ಓದಿಸಿಕೊಳ್ಳುವವನಿರಲಿಲ್ಲ.

ಈಗ ಕಾರ್ಖಾನೆಯ ಗೇಟಿನೆದುರು ಪ್ರತಿಮೆ ನಿಲ್ಲಿಸುತ್ತಾರಂತೆ.
ಅರ್ಧ ಕುಲುಮೆಗಳು ತಣ್ಣಗಾಗಿವೆ, ಕಂಚನ್ನು ಹೊರಗಿನಿಂದ ತರಬೇಕು.
ಕುಲುಮೆಯವರ ಮೊಮ್ಮಗಳು ದಾನಿಟ್ಸಾ, ಶಿಲ್ಪಿ,
ಒದ್ದೆ ಬಟ್ಟೆ ಸರಿಸಿ ಮಣ್ಣಿನ ಹೊಸಿಯಾನನ್ನು ತೋರಿಸಿದಳು.
ಭುಜ ಅವನದೇ. ಗದ್ದ ಅವನದೇ.
ಹುಬ್ಬು ಮಾತ್ರ ನುಣ್ಣಗೆ,
ಯಾರೂ ಎಂದೂ ಮುಟ್ಟದ ಹಾಗೆ.
"ಚೆನ್ನಾಗಿದೆ ಮಗಳೇ" ಅಂದ ವರ್ಲೀನ್
ಪರ್ಸಿನ ಗುಂಡಿ ತೆಗೆದಳು, ಹಾಕಿದಳು, ಮತ್ತೆ ತೆಗೆದಳು.
"ಕ್ಲೀಟಸ್, ನೀನೇ ಹೇಳು."

ಹೇಳುವುದೇನು. ಏಣಿ ತರಿಸಿದೆ.
ಎಂಬತ್ತಾರರ ಮೊಣಕಾಲು ಮೂರು ಮೆಟ್ಟಿಲು ಹತ್ತಿತು.
ಬದುಕಿಡೀ ಮುಚ್ಚಿದ ಜಾಗಕ್ಕೆ
ಹೆಬ್ಬೆರಳ ಉಗುರು ಇಟ್ಟು
ಹೊರಗಿನಿಂದ ಒಳಕ್ಕೆ, ತುಸು ಓರೆಯಾಗಿ, ಒಂದಿಂಚು
ಎಳೆದೆ.

ಮಣ್ಣು ಬಾಯಿ ಬಿಟ್ಟಿತು.
ಅಂಚಿನಲ್ಲಿ ನೀರು ಜಿನುಗಿತು, ನೀರಷ್ಟೇ.
ಆದರೂ ನನ್ನ ಬಲಗೈ
ಯಾರನ್ನೂ ಕೇಳದೆ
ಕಿವಿಯ ಹಿಂದೆ ಹೋಗಿ
ಹತ್ತಿ ಹುಡುಕಿತು.