ನೆಗ್ಗಿದ ಲೋಟ

ಹದಿನಾಲ್ಕು ದಿನ, ಅಂದಳು ಆಶಾ ಅಕ್ಕ,
ಬಾಗಿಲಿಗೆ ಚೀಟಿ ಅಂಟಿಸಿ, ನನ್ನ ಮುಖ ನೋಡದೆ.
ಕೌಲ್ ಬಜಾರಿನ ಮಾಳಿಗೆ ರೂಮು.
ಕೆಳಗೆ ಅರ್ಧ ಖಾಜಾಬನಿ ಮನೆ, ಅರ್ಧ ಕಾಜಾ ಮಿಷಿನ್ನು.
ಮಿಷಿನ್ನು ತಿಂಗಳಿಂದ ಬಾಯಿ ಮುಚ್ಚಿ ಕೂತಿತ್ತು,
ನನ್ನ ಉಗುರ ಸಂದಿಯ ನೀಲಿ ಮಾತ್ರ ಇನ್ನೂ ಡ್ಯೂಟಿ ಮೇಲಿತ್ತು.

ಕಿಟಕಿಯಲ್ಲಿ ಗುಡ್ಡ. ಒಂದೇ ಕಲ್ಲು.
ಬೆಳಿಗ್ಗೆ ನೋಡಿದರೂ ಅದೇ, ಸಂಜೆ ನೋಡಿದರೂ ಅದೇ.
ಅದರ ಎದುರು ವಾರ ಎಣಿಸೋದು ಹೆಂಗೆ?
ಸೋಮವಾರ ಅಂದುಕೊಂಡು ತಲೆಗೆ ನೀರು ಹಾಕ್ಕೊಂಡೆ.
ಅವತ್ತು ಗುರುವಾರ.

ಆಗ ಫೋನಿನಲ್ಲಿ ಬಂತು ಲೋಟದ ಆಟ.
ಮಡಚಿದ ಮೊಣಕೈ ಮೇಲೆ ಲೋಟ ಇಟ್ಟು
ಸರ್ರನೆ ಕೈ ಕೆಳಗೆ ತಂದು
ನೆಲ ಮುಟ್ಟೋದರೊಳಗೆ ಅಂಗೈಯಲ್ಲಿ ಹಿಡೀಬೇಕು.
ಅಷ್ಟೇ. ಅರ್ಥ ಗಿರ್ಥ ಏನಿಲ್ಲ.

ಹಿಡಿದ ಒಬ್ಬ ಪೋಲೀಸಪ್ಪ.
ಹಿಡಿದಳು ಒಬ್ಬ ನರ್ಸಮ್ಮ, ಮೂಗಿನ ಮೇಲೆ ಮಾಸ್ಕಿನ ಬರೆ.
ಸಿರುಗುಪ್ಪದಿಂದ ಅಣ್ಣನ ಮಗ ಎರ್ರಿಸ್ವಾಮಿ
ಹಿಡಿಯಲಿಲ್ಲ, ಹಿಡಿದಂಗೆ ಕತ್ತರಿಸಿ ಹಾಕಿದ್ದ.
ಭಾಷೆ ತಿಳಿಯದ ಯಾವುದೋ ದೇಶದ ಮುದುಕಿ,
ಅವಳ ಲೋಟ ಪಿಂಗಾಣಿದು, ಒಡೀತು, ನಕ್ಕಳು, ಹಲ್ಲಿಲ್ಲ.
ಆ ನಗು ಹನ್ನೊಂದು ಸಲ ನೋಡಿದೆ.

ನನ್ನದು ಸ್ಟೀಲು, ಅಮ್ಮನ ಹೆಸರು ಕೊರೆಸಿದ್ದು.
ಮೊದಲ ದಿನ ನಲವತ್ತು ಸಲ ಬಿತ್ತು.
ಉರುಳಿ ಉರುಳಿ ಮಂಚದ ಕೆಳಗೆ ಸುಮ್ಮನಾಗೋದು.
ಖಾಜಾಬನಿ ಕಸಬರಿಗೆ ಹಿಡಿಯಿಂದ ಸೂರಿಗೆ ಗುದ್ದಿದಳು:
“ಏನೇ ಹುಲಿಗೆಮ್ಮ, ಜ್ವರ ತಲೆಗೇರಿತೇನೇ?”
ಮೂರನೇ ರಾತ್ರಿ, ಹತ್ತರ ಸುಮಾರಿಗೆ,
ನಾನು ಸುಮ್ಮನೆ ಮಲಗಿದ್ದೆ.
ಕೆಳಗಿಂದ
ಠಣ್.

ಹೆಂಗೆ ಹೇಳಲಿ ಇದನ್ನ.
ಲೋಟ ಹಿಡಿಯೋ ಹಟ ನನಗಿರಲಿಲ್ಲ.
ಒಂದೇ ಹೊತ್ತಿಗೆ ಎಷ್ಟೋ ಮಂದಿ ಕೈಯಿಂದ ಏನೋ ಜಾರುತ್ತಿತ್ತು,
ಅದರಲ್ಲಿ ನನ್ನದೂ ಒಂದು.
ಮುಗಿಯೋ ದಿನ ಗೊತ್ತಿಲ್ಲದ್ದು ಬಾಗಿಲ ಹೊರಗೆ ಒಂದಿತ್ತಲ್ಲ, ಸಾಕಿತ್ತು.
ಇದು ಹುಟ್ಟುವಾಗಲೇ ಸಾಯೋ ವಾರ ಹೇಳಿಕೊಂಡು ಬಂದಿತ್ತು.

ಅಲ್ಲದೆ ನನಗಿದು ಹೊಸದೇನು?
ಇಪ್ಪತ್ತು ವರ್ಷ ಜೀನ್ಸ್ ಹೊಲಿದ ಕೈ.
ಅಗಲದ ಕಾಲು ಹೋಯ್ತು, ಪೆನ್ಸಿಲ್ ಕಾಲು ಬಂತು.
ಮೊಣಕಾಲು ಹರಿದು ಕೊಡ್ರಿ ಅಂದರು, ಹರಿದೆವು.
ಹರಿದದ್ದು ಬೇಡ ಅಂದರು:
ಗೋಡೌನಲ್ಲಿ ಸಾವಿರ ಮೊಣಕಾಲು ಬಿದ್ದವು.
ಮೂರು ತಿಂಗಳೂ ಬಾಳದ ಪ್ಯಾಟರ್ನುಗಳ ಕೂಲಿಯಲ್ಲೇ
ಮಗಳ ಡಿಗ್ರಿ ಮುಗೀತು.

ಆರು ದಿನಕ್ಕೆ ಲೋಟ ಸತ್ತಿತು.
ದಿಂಬಿನದು ಮೂರು ದಿನ, ಹುಬ್ಬು ಕುಣಿಸೋದು ಎರಡು,
ಅದಕ್ಕೂ ಮೊದಲು ಹೆಸರಿಲ್ಲದವು ಮೂರು.
ಹಿಂಗೇ ಕೂಡಿ ಕೂಡಿ ಹದಿನಾಲ್ಕು ಮಾಡಿದೆ.
ಆದರೆ ಖಾಜಾಬನಿ ದಿಂಬಿಗೆ ಹೋಗಲಿಲ್ಲ.
ದಿನಾ ಹತ್ತಕ್ಕೆ ಅವಳದೊಂದು ಠಣ್, ಮೇಲೆ ನನ್ನದೊಂದು.
ಮೊಣಕೈ ಗಿಣಕೈ ಇಲ್ಲ. ಸುಮ್ಮನೆ ಬಿಡೋದು.

ಹನ್ನೆರಡನೇ ರಾತ್ರಿ ಹತ್ತಾಯ್ತು. ಹತ್ತೂಕಾಲು.
ಫೋನು ಇತ್ತು, ಕೈ ಹೋಗಲಿಲ್ಲ.
ಹತ್ತೂವರೆ.
ಕಿವಿಯನ್ನ ನೆಲಕ್ಕೆ ಕೊಟ್ಟು ಮಲಗಿದೆ,
ಕಾದ ಬಂಡೆ ಇನ್ನೂ ಆರಿರಲಿಲ್ಲ.
ಹನ್ನೊಂದಕ್ಕೆ ಬಿತ್ತು.
“ಮೊಮ್ಮಗ ಮಲಗಿರಲಿಲ್ಲ ಕಣೇ,” ಅಂತ ಕೂಗಿದಳು,
ಮಲಗಿದವನು ಮತ್ತೆ ಎದ್ದು ಅತ್ತ.

ಈಗ ಕಾಜಾ ಮಿಷಿನ್ನು ಹಗಲೆಲ್ಲ ಹರಟುತ್ತೆ.
“ಯಾವ ಲೋಟ ಅತ್ತೆ?” ಅಂತಾನೆ ಎರ್ರಿಸ್ವಾಮಿ.
ಇದೇ. ಅಂಚು ನೆಗ್ಗೈತೆ,
ಅಮ್ಮನ ಹೆಸರಿನ ಕೊನೇ ಅಕ್ಷರ ಒಳಕ್ಕೆ ಹೋಗೈತೆ.
ಆ ಕಡೆಯಿಂದ ಕುಡಿದರೆ ಸೀರೆ ಮೇಲೆ ನೀರು ಚೆಲ್ಲುತ್ತೆ.
ಆ ಕಡೆಯಿಂದಲೇ ಕುಡೀತೀನಿ.