ಉಸಿರಳತೆ

ಗುಡಿಬಂಡೆ ದಾಟಿ ಹನ್ನೊಂದು ಮೈಲಿ, ಕಡೇಕಲ್ಲಹಳ್ಳಿ.
ಸಣ್ಣ ನೀರಾವರಿಯ ಜೀಪು ಏರಿಯ ಮೇಲೆ ನಿಂತಿತು.
ನನ್ನ ಕೈಲಿ ಅಳತೆ ಪುಸ್ತಕ, ಅದರಲ್ಲಿ ಮೂರು ಖಾನೆ:
ಉದ್ದ, ಅಗಲ, ಆಳ.

ಉದ್ದ ಬರೆದೆ. ಆದರೆ ಏರಿ ನೆಟ್ಟಗಿಲ್ಲ,
ನಡುವೆ ನೀರಿನ ಕಡೆಗೆ ಬಾಗಿದೆ.
‘ದಾರ ಹಿಡಿಯೋಕೆ ಬರ್ತಿರಲಿಲ್ಲವೇನೋ ಆಗಿನವರಿಗೆ’ ಎಂದೆ.
ನೀರಗಂಟಿ ಪಿಳ್ಳವೆಂಕಟಪ್ಪ ನಕ್ಕರು:
‘ತುಂಬಿದ ಕೊಡ ಸೊಂಟಕ್ಕಿಟ್ಕೊಂಡು ನಿಂತ್ಕೊಳಿ ಮೇಡಂ,
ನೆಟ್ಟಗೆ ನಿಲ್ತೀರಾ?’

ಬರೆದದ್ದರ ಪಕ್ಕ ಒಂದು ಗೀಟು ಎಳೆದೆ, ಸ್ವಲ್ಪ ಬಾಗಿಸಿ.

ತೂಬು: ಎರಡು ಕಲ್ಲುಕಂಬ, ಅಡ್ಡಕ್ಕೆ ಮೂರು ಹಾಸುಗಲ್ಲು,
ಒಂದೊಂದರ ನಡುವೆಯೂ ಬಿರಡೆಯ ಕೋಲು ತೂರುವಷ್ಟು ತೂತು.
ಬುಡದ ಬಂಡೆಯಲ್ಲಿ ಬಟ್ಟಲಿನಗಲ ಬಾಯಿ.
ಅಂಗೈ ಇಟ್ಟೆ. ಅಂಚು ಇನ್ನೂ ನುಣುಪು.
ಅಲ್ಲಿಂದ ಏರಿಯ ಹೊಟ್ಟೆಯೊಳಗೆ ಇಟ್ಟಿಗೆ ಗಾರೆಯ ಕೊಳವೆ,
ಆಚೆ ಗದ್ದೆಬಯಲಿಗೆ ಬಾಯಿ ತೆರೆಯುತ್ತದೆ.
ಈಗ ಅದರಲ್ಲಿ ಒಂದು ಉಡದ ಸಂಸಾರ.

ಕಂಬದ ಮೇಲೊಂದು ಮೀನು ಕೊರೆದಿದ್ದಾರೆ.
ಮಟ್ಟದ ಯಂತ್ರವಿಟ್ಟು ನೋಡಿದೆ:
ಮೀನಿನ ಕಣ್ಣಿಗೂ
ಜಾಲಿಮೆಳೆಯಾಚೆ, ಅರ್ಧ ಮೈಲಿ ದೂರದ ಕೋಡಿಯ ನೆತ್ತಿಗೂ
ಎರಡೇ ಬೆರಳು ವ್ಯತ್ಯಾಸ.
ಇನ್ನೊಮ್ಮೆ ನೋಡಿದೆ. ಎರಡೇ.
‘ಅದು ತಪ್ಪಲ್ಲ ಮೇಡಂ,
ಅಲೆಗೆ ಬಿಟ್ಟಿರೋದು.’

‘ಕೋಲು ಮುರಿದರೆ?’
‘ಮುಳುಗೋದು.’
‘ಎಷ್ಟು ಆಳ?’
‘ಕೋಡಿ ಹೋದ ವರ್ಷ ಒಂದು ಉಸುರು.
ಮೇಲಕ್ಕೆ ಬರೋಕೆ ಇನ್ನರ್ಧ ಬೇಕು,
ಅದು ಇರ್ತಿರಲಿಲ್ಲ.’

ಗೋಡುನೀರಲ್ಲಿ ಕಣ್ಣು ದಂಡ.
ಕಾಲಿನ ಹೆಬ್ಬೆರಳಿಂದ ಬಾಯಿ ಹುಡುಕಬೇಕು.
ಬಿರಡೆ ಕಿತ್ತ ಕೂಡಲೇ ಪಕ್ಕಕ್ಕೆ ಸರಿಯಬೇಕು,
ತೂಬು ಮೊದಲು ಎಳೆದುಕೊಳ್ಳುವುದು ಕಿತ್ತವನ ಕೈಯನ್ನೇ.
ಅವರ ದೊಡ್ಡಪ್ಪ ಗಂಗುಲಪ್ಪ ಸರಿಯಲಿಲ್ಲ.
ಆವತ್ತು ಕಾಲುವೆಯಲ್ಲಿ ನೀರು ಬೊಗಸೆಯಷ್ಟೇ ಬಂತು.
ಕೆಳಗದ್ದೆಯವರು ಮೊದಲು ಬೈದರಂತೆ,
ಕುಡಿದು ಮಲಗಿದಾನೆ ಅಂತ.
ಆಮೇಲೆ ಯಾರೋ ಏರಿ ಹತ್ತಿ ನೋಡಿದರು:
ದಡದ ಕಲ್ಲಿನ ಮೇಲೆ ಮಡಿಸಿಟ್ಟ ಪಂಚೆ.

ನಾನು ಏನೂ ಬರೆಯಲಿಲ್ಲ.
ಮೇಲೆ ಡ್ರೈವರ್ ಹಾರನ್ ಮಾಡಿದ.
ಅಂದಾಜುಪಟ್ಟಿ ಆಗಲೇ ಟೈಪಾಗಿದೆ:
ಕಬ್ಬಿಣದ ಗೇಟು ಒಂದು, ತಿರುಗಿಸುವ ಚಕ್ರ ಒಂದು,
ಗ್ರೀಸು, ಬೀಗ, ಬಣ್ಣ.
‘ಒಳ್ಳೇದಾಯ್ತು’ ಎಂದರು ಅವರು, ನಿಜವಾಗಿಯೇ.
‘ನನ್ನ ಮಗನಿಗೆ ಈಜು ಕಲಿಸಲಿಲ್ಲ ನಾನು.’

ಆಳದ ಖಾನೆ ಮಾತ್ರ ಖಾಲಿ ಉಳಿದಿತ್ತು.
‘ಎಷ್ಟು ಹೊತ್ತು ಆಗ್ತಿತ್ತು, ಒಂದು ಉಸಿರು ಅಂದರೆ?’
ಉತ್ತರ ಹೇಳಲಿಲ್ಲ.
ಬಿರಿದ ಕೆರೆಯಂಗಳದಲ್ಲಿ ತೂಬಿನ ಬುಡಕ್ಕೆ ಹೋಗಿ
ಕುಕ್ಕರಗಾಲಲ್ಲಿ ಕೂತು, ಕಣ್ಣು ಮುಚ್ಚಿ,
ಎದೆ ತುಂಬ ಗಾಳಿ ಎಳೆದು ಹಿಡಿದರು.

ನಾನೂ ಹಿಡಿದೆ, ಗಡಿಯಾರ ನೋಡುತ್ತ.
ನಲವತ್ತೊಂದಕ್ಕೆ ಬಿಟ್ಟೆ.
ಅವರು ಇನ್ನೂ ಕೆಳಗೇ ಇದ್ದರು.